ಮಿಲಿಟರಿ ಬರಬೇಕು ಎನ್ನುವವರು ಪುಣೆಯ ದಂಡು ಪ್ರದೇಶ ನೋಡಲಿ

ಕಳೆದ ಬೇಸಿಗೆಯಲ್ಲಿ ದಾವಣಗೆರೆ ಹತ್ತಿರದ ನಮ್ಮೂರಿನಲ್ಲಿ ಅಕ್ಕನ ಮಗಳ ಮದುವೆ. ಬೀಗರೂಟ ಮುಗಿದು, ಎಲೆ ಅಡಿಕೆಯ ತಟ್ಟೆ ಚಪ್ಪರದ ಕೆಳಗೆ ಒಂದು ಸುತ್ತು ಬಂದಿತ್ತು. ಮಾತು ಶಾಸಕರ ರೆಸಾರ್ಟ್ ವಾಸದಿಂದ ಶುರುವಾಗಿ, ಖಾತೆ ಬದಲಾವಣೆಗೆ ಕೊಡಬೇಕಾದ ಲಂಚಕ್ಕೆ ಹೊರಳಿ, ಭದ್ರಾ ನಾಲೆಯ ಕೊನೆಯ ಭಾಗಕ್ಕೆ ನೀರು ಬಾರದ ಸಿಟ್ಟಿಗೆ ಬಂದು ನಿಂತಿತು. ಆಗ ಸೋದರಮಾವ ಹೇಳಿದರು: “ಈ ದೇಶವನ್ನು ಐದು ವರ್ಷ ಮಿಲಿಟರಿ ಕೈಗೆ ಕೊಡಬೇಕು. ಎಲ್ಲ ನೆಟ್ಟಗಾಗುತ್ತದೆ.” ನೆರೆದವರೆಲ್ಲ ತಲೆಯಾಡಿಸಿದರು. ಮಾವ ನನ್ನ ಕಡೆ ತಿರುಗಿ, “ನೀನು ಪುಣೆಯಲ್ಲಿ ಮಿಲಿಟರಿಯವರ ನಡುವೆಯೇ ಇದ್ದೀಯಲ್ಲಪ್ಪ, ಶಿಸ್ತು ಎಂದರೆ ಏನೆಂದು ಇವರಿಗೆ ಹೇಳು” ಎಂದರು. ಬೀಗರ ಎದುರು ಹಿರಿಯರೊಂದಿಗೆ ವಾದ ಬೇಡವೆಂದು ಸುಮ್ಮನಿದ್ದೆ. ಆದರೆ ನನ್ನನ್ನೇ ಸಾಕ್ಷಿಗೆ ಕರೆದದ್ದು ಚುಚ್ಚಿತು.

ಈ ಮಾತನ್ನು ನಾನು ಚಿಕ್ಕಂದಿನಿಂದ ಕೇಳಿದ್ದೇನೆ. ಕ್ಷೌರದಂಗಡಿಯಲ್ಲಿ, ಬಸ್ ನಿಲ್ದಾಣದಲ್ಲಿ, ಮಂಡಿಯ ಕಟ್ಟೆಯ ಮೇಲೆ. ಊರಿನಲ್ಲಿ ಸೇನೆ ಎಂದರೆ ಗಣರಾಜ್ಯೋತ್ಸವದ ಪರೇಡ್, ಇಲ್ಲವೇ ರಜೆಗೆ ಬಂದ ಯಾರದೋ ಮನೆಯ ಹುಡುಗ. ದೂರದಿಂದ ಕಂಡದ್ದಕ್ಕೆ ಕೈಮುಗಿಯುವುದು ಸುಲಭ. ಪುಣೆಯಲ್ಲಿ ಹಾಗಿಲ್ಲ. ದಕ್ಷಿಣ ಕಮಾಂಡಿನ ಕೇಂದ್ರ ಕಚೇರಿ ಇಲ್ಲಿದೆ. ಖಡಕಿಯಲ್ಲಿ ಸೇನೆಯ ಎಂಜಿನಿಯರ್ ಪಡೆಯಾದ ಬಾಂಬೆ ಸ್ಯಾಪರ್ಸ್, ಆಚೆಗೆ ದೇಹು ರೋಡಿನ ದಂಡು ಪ್ರದೇಶ, ನಗರದ ಹೊರಗೆ ಖಡಕ್‌ವಾಸ್ಲಾದ ರಾಷ್ಟ್ರೀಯ ರಕ್ಷಣಾ ಅಕಾಡೆಮಿ. ಸಿಗ್ನಲ್ಲಿನಲ್ಲಿ ಹಸಿರು ಲಾರಿಗಳ ಸಾಲು ನಿಂತರೆ ಪಕ್ಕದ ರಿಕ್ಷಾದವನು ತಲೆ ಎತ್ತಿಯೂ ನೋಡುವುದಿಲ್ಲ. ಸೇನೆಯ ಮೇಲೆ ಇಲ್ಲಿನವರಿಗೆ ಗೌರವ ಬೇಕಾದಷ್ಟಿದೆ. ಆದರೆ ಆಡಳಿತವನ್ನು ಅದಕ್ಕೆ ಕೊಡಬೇಕು ಎಂಬ ಮಾತನ್ನು, ಸೇನೆಯ ಜೊತೆಗೇ ಬದುಕುವ ಪುಣೇಕರರ ಬಾಯಲ್ಲಿ ನಾನು ಕೇಳಿಲ್ಲ.

ನಾವಿರುವ ವಾರ್ಜೆಯ ಕಟ್ಟಡದ ನೆಲಮಹಡಿಯಲ್ಲಿ ಸಾತಾರಾ ಕಡೆಯ ನಿವೃತ್ತ ಸುಭೇದಾರರೊಬ್ಬರಿದ್ದಾರೆ. ಎಲ್ಲರಿಗೂ ಅವರು ಸುಭೇದಾರ್ ಕಾಕಾ. ಒಮ್ಮೆ ಟ್ಯಾಂಕರ್ ನೀರಿನ ಲೆಕ್ಕದ ಜಗಳ ವಿಕೋಪಕ್ಕೆ ಹೋದಾಗ ಕೆಲವರು, “ಕಾಕಾ, ನೀವೇ ಅಧ್ಯಕ್ಷರಾಗಿ. ಮಿಲಿಟರಿ ರೀತಿಯಲ್ಲಿ ನಡೆಸಿಬಿಡಿ” ಎಂದರು. ಕಾಕಾ ಒಪ್ಪಲಿಲ್ಲ. ಚೌಕುಳಿ ಗೆರೆಯ ನೋಟ್‌ಬುಕ್ಕೊಂದನ್ನು ತಂದು, ದಾರ ಕಟ್ಟಿದ ಕನ್ನಡಕ ಮೂಗಿಗೇರಿಸಿ, ಒಂದೊಂದೇ ಮನೆಯ ಸಂಖ್ಯೆ ಬರೆದುಕೊಂಡರು. ಯಾರ ಕೈ ಮೇಲಿದೆ, ಯಾರದು ಕೆಳಗಿದೆ ಎಂದು ನೋಡಿ ಗುರುತು ಹಾಕಿದರು. ಅವರ ಅಭಿಪ್ರಾಯಕ್ಕೆ ವಿರುದ್ಧವಾಗಿ ತೀರ್ಮಾನವಾಯಿತು. ಅದರ ಕೆಳಗೆ ಮೊದಲ ಸಹಿ ಹಾಕಿದವರು ಅವರೇ.

ಅದೇ ಕಾಕಾ ಇನ್ನೊಂದು ಸಂಜೆ, ತಾವು ಸೈನ್ಯದಲ್ಲಿದ್ದಾಗ ಕೋಮು ಗಲಭೆಯಾದ ಒಂದು ಊರಿಗೆ ಹೋದದ್ದನ್ನು ಹೇಳಿದರು. ಜೊತೆಯಲ್ಲಿ ಒಬ್ಬ ಮ್ಯಾಜಿಸ್ಟ್ರೇಟ್ ಇರಲೇಬೇಕು, ಗುಂಪು ಚದುರಿಸುವ ಆದೇಶದ ಹಾಳೆಗೆ ಅವರ ಸಹಿ ಬೀಳಬೇಕು. ಇಪ್ಪತ್ತೈದರ ಆಸುಪಾಸಿನ ಆ ಮ್ಯಾಜಿಸ್ಟ್ರೇಟರ ಕೈ ನಡುಗುತ್ತಿತ್ತಂತೆ. ಹಿಂದೆ ಬಂದೂಕು ಹಿಡಿದ ಅಷ್ಟು ಜನ ಅವರ ಪೆನ್ನಿಗಾಗಿ ಕಾಯುತ್ತಿದ್ದರು. “ಅಲ್ಲಿದ್ದಷ್ಟು ದಿನ ಬ್ಯಾರಕ್ಕಿಗೆ ಯಾವಾಗ ಮರಳುತ್ತೇವೋ ಎಂದು ಎಣಿಸುತ್ತಿದ್ದೆವು. ನಮ್ಮದೇ ಜನರ ಓಣಿಯಲ್ಲಿ ನಿಂತಿರುವುದು ಸೈನಿಕನಿಗೆ ಹಿತವಲ್ಲ” ಎಂದರು ಕಾಕಾ. ಚಪ್ಪರದ ಕೆಳಗೆ ನಾನು ಹೇಳಬೇಕಿದ್ದ ಶಿಸ್ತಿನ ಕತೆ ಇದು.

ಇನ್ನು ಸೈನ್ಯದ ಆಡಳಿತವನ್ನು ಕಣ್ಣಾರೆ ನೋಡಬೇಕೆಂದರೆ ನಮ್ಮ ದೇಶದಲ್ಲೇ ಅದರ ಸಣ್ಣ ಮಾದರಿಯೊಂದಿದೆ. ಅದಕ್ಕೆ ದಂಡು ಮಂಡಳಿ (ಕಂಟೋನ್ಮೆಂಟ್ ಬೋರ್ಡ್) ಎಂದು ಹೆಸರು. ಪುಣೆಯ ಕ್ಯಾಂಪ್, ಖಡಕಿ, ದೇಹು ರೋಡ್ ಈ ಮಂಡಳಿಗಳಡಿ ಬರುತ್ತವೆ. ನಮ್ಮ ಬೆಳಗಾವಿಯಲ್ಲೂ ಒಂದಿದೆ. ನೀರು, ಚರಂಡಿ, ಕಸ, ಕಟ್ಟಡದ ಪರವಾನಗಿ ನೋಡುವ ಈ ಸಂಸ್ಥೆಗೆ 2006ರ ಕಾನೂನಿನ ಪ್ರಕಾರ ಅಧ್ಯಕ್ಷರು ಅಲ್ಲಿನ ಸೇನಾಧಿಕಾರಿ, ಸಾಮಾನ್ಯವಾಗಿ ಬ್ರಿಗೇಡಿಯರ್. ಜನ ಆರಿಸಿದ ಸದಸ್ಯರು ಉಪಾಧ್ಯಕ್ಷ ಸ್ಥಾನದವರೆಗೆ ಏರಬಹುದು, ಅಷ್ಟೇ. ಆ ಸದಸ್ಯರ ಅವಧಿಯೂ 2021ರಲ್ಲಿ ಮುಗಿದು, ಮುಂದೆ ನಾಮಕರಣಗೊಂಡವರ ಪುಟ್ಟ ಮಂಡಳಿಯೇ ನಡೆಯಿತು.

ರಸ್ತೆಗಳು ಚೊಕ್ಕಟ, ಇಕ್ಕೆಲಗಳಲ್ಲೂ ಹಳೆಯ ಮರಗಳು. ನೋಡಿದವರಿಗೆ ಅಸೂಯೆಯಾಗಬೇಕು. ಆದರೂ ಇಲ್ಲಿನ ದಂಡು ಪ್ರದೇಶಗಳ ನಿವಾಸಿಗಳು ವರ್ಷಗಳಿಂದ ಕೇಳುತ್ತಿರುವುದು ಒಂದೇ: ನಮ್ಮನ್ನು ಮಹಾನಗರ ಪಾಲಿಕೆಗೆ ಸೇರಿಸಿ. ಗುಂಡಿ ಬಿದ್ದ ರಸ್ತೆಗಳ, ಕಾರ್ಪೊರೇಟರುಗಳ ಜಗಳದ ಪಾಲಿಕೆ ಅವರಿಗೆ ಬೇಕು! ಅಂಥದೊಂದು ಪ್ರದೇಶದಲ್ಲಿ ಮೂರು ತಲೆಮಾರಿನಿಂದ ಬಟ್ಟೆ ಅಂಗಡಿ ಇಟ್ಟಿರುವ ಪರಿಚಯದ ವ್ಯಾಪಾರಿಯೊಬ್ಬರನ್ನು ಕಾರಣ ಕೇಳಿದೆ. ಅಜ್ಜ ಕಟ್ಟಿಸಿದ ಮನೆಯ ಮೇಲೆ ಒಂದು ಕೋಣೆ ಏರಿಸಲು ಅವರಿಗೆ ಸಾಧ್ಯವಾಗಿಲ್ಲ. ಅಧಿಕಾರಿ ಒಳ್ಳೆಯವರು, ಎದ್ದು ನಿಂತು ಮಾತನಾಡಿಸುತ್ತಾರೆ, ಲಂಚದ ಸುದ್ದಿಯೇ ಇಲ್ಲ. “ಆದರೆ ಅವರು ನಾಳೆ ಮತ ಕೇಳಲು ನನ್ನ ಅಂಗಡಿಗೆ ಬರುವವರಲ್ಲವಲ್ಲ. ಎರಡು ವರ್ಷಕ್ಕೆ ವರ್ಗವಾಗಿ ಹೋಗುತ್ತಾರೆ. ನಾನು ಮತ್ತೆ ಮೊದಲಿನಿಂದ ಹೇಳಬೇಕು” ಎಂದರು.

ಐದು ವರ್ಷಕ್ಕೆ ಮಾತ್ರ ಎನ್ನುವವರು ಬರ್ಮಾದ (ಈಗಿನ ಮ್ಯಾನ್ಮಾರ್) ಕಡೆ ಒಮ್ಮೆ ನೋಡಬೇಕು. 1958ರಲ್ಲಿ ಅಲ್ಲಿನ ಪ್ರಧಾನಿ ಊ ನು, ಪಕ್ಷದ ಒಡಕಿನಿಂದ ಬೇಸತ್ತು ತಾವಾಗಿಯೇ ಜನರಲ್ ನೆ ವಿನ್ ಅವರನ್ನು ಕರೆದು ಅಧಿಕಾರ ಕೊಟ್ಟರು. ಸೈನಿಕರು ರಂಗೂನಿನ ಬೀದಿಗಳನ್ನು ಶುಚಿ ಮಾಡಿಸಿದರು. ಮಾತಿಗೆ ತಪ್ಪದೆ 1960ರಲ್ಲಿ ಚುನಾವಣೆ ನಡೆಸಿ ಅಧಿಕಾರ ಹಿಂದಿರುಗಿಸಿದರು. ನಮ್ಮವರು ಬಯಸುವ ಮಿಲಿಟರಿ ಆಡಳಿತ ಥೇಟ್ ಇದೇ. ಆದರೆ ಒಮ್ಮೆ ಗದ್ದುಗೆ ಏರಿದವರಿಗೆ ದಾರಿ ಗೊತ್ತಾಗಿತ್ತು. 1962ರ ಮಾರ್ಚ್ 2ರಂದು ಯಾರೂ ಕರೆಯದೆಯೇ ಬಂದರು. ನೆ ವಿನ್ 1988ರವರೆಗೆ ಹಿಡಿತ ಬಿಡಲಿಲ್ಲ. 1987ರಲ್ಲಿ 25, 35 ಮತ್ತು 75 ಕ್ಯಾಟ್ ನೋಟುಗಳನ್ನು ರದ್ದು ಮಾಡಿ ಜನರ ಉಳಿತಾಯವನ್ನು ನೀರುಪಾಲು ಮಾಡಿದರು. ಬದಲಿಗೆ ಒಂಬತ್ತರಿಂದ ಭಾಗವಾಗುವ 45 ಮತ್ತು 90ರ ನೋಟುಗಳನ್ನು ತಂದರು. ಯಾಕೆಂದು ಕೇಳಲು ಅಲ್ಲಿ ಸಂಸತ್ತಿನಲ್ಲಿ ಒಬ್ಬ ವಿರೋಧ ಪಕ್ಷದವನೂ ಇರಲಿಲ್ಲ. 1990ರ ಚುನಾವಣೆಯ ಫಲಿತಾಂಶವನ್ನು ಸೇನೆ ಮಾನ್ಯ ಮಾಡಲಿಲ್ಲ. 2021ರ ಫೆಬ್ರುವರಿ 1ರಂದು ಮತ್ತೆ ಅದೇ ಕತೆ.

ಪಾಕಿಸ್ತಾನದ್ದಂತೂ ನಮ್ಮದೇ ಮನೆಯ ಪಾಲುಪಟ್ಟಿಯ ಇನ್ನೊಂದು ಪಾಲು. ಕೊಡಗಿನ ಕಾರ್ಯಪ್ಪನವರು 1949ರ ಜನವರಿ 15ರಂದು ಭಾರತೀಯ ಸೇನೆಯ ಮೊದಲ ಭಾರತೀಯ ಮಹಾದಂಡನಾಯಕರಾದರು. ಎರಡು ವರ್ಷದ ನಂತರ, 1951ರ ಜನವರಿಯಲ್ಲಿ, ಅಯೂಬ್ ಖಾನ್ ಪಾಕಿಸ್ತಾನದ ಸೇನೆಯಲ್ಲಿ ಅದೇ ಸ್ಥಾನಕ್ಕೆ ಬಂದರು. ಇಬ್ಬರೂ ಒಂದೇ ಬ್ರಿಟಿಷ್ ಇಂಡಿಯನ್ ಸೇನೆಯಲ್ಲಿ ಬೆಳೆದವರು, ಒಂದೇ ಕವಾಯತು ಕಲಿತವರು. ಒಬ್ಬರು 1953ರಲ್ಲಿ ಸಮವಸ್ತ್ರ ಕಳಚಿಟ್ಟು ಹೈಕಮಿಷನರಾಗಿ ಆಸ್ಟ್ರೇಲಿಯಾಕ್ಕೆ ಹೋದರು. ಇನ್ನೊಬ್ಬರು 1958ರ ಅಕ್ಟೋಬರಿನಲ್ಲಿ, ದೇಶದ ಮೊದಲ ಸಾರ್ವತ್ರಿಕ ಚುನಾವಣೆಗೆ ಕೆಲವೇ ತಿಂಗಳಿರುವಾಗ, ಅಧ್ಯಕ್ಷ ಇಸ್ಕಂದರ್ ಮಿರ್ಜಾ ಸಾರಿದ ಸೇನಾಡಳಿತದ ಹೊಣೆ ಹೊತ್ತು, ತಿಂಗಳು ತುಂಬುವ ಮೊದಲೇ ಮಿರ್ಜಾ ಅವರನ್ನೂ ಓಡಿಸಿದರು. ವಯಸ್ಕರಿಗೆಲ್ಲ ಮತವಿದ್ದ ಮೊದಲ ರಾಷ್ಟ್ರೀಯ ಚುನಾವಣೆ ಅಲ್ಲಿ ನಡೆದದ್ದು 1970ರ ಡಿಸೆಂಬರಿನಲ್ಲಿ. ಅದರಲ್ಲಿ ಗೆದ್ದವರಿಗೆ ಅಧಿಕಾರ ಕೊಡುವ ಬದಲು 1971ರ ಮಾರ್ಚ್ 25ರ ರಾತ್ರಿ ಢಾಕಾಕ್ಕೆ ಸೈನ್ಯ ನುಗ್ಗಿಸಿದರು. ದೇಶವೇ ಎರಡಾಯಿತು. ಇಷ್ಟಾದ ಮೇಲೂ 1977ರಲ್ಲಿ ಜಿಯಾ, 1999ರಲ್ಲಿ ಮುಷರಫ್. 1999ರಲ್ಲಿ ಸಿಹಿ ಹಂಚಿದವರೂ ಇದ್ದರು.

ಖಡಕ್‌ವಾಸ್ಲಾದ ಅಕಾಡೆಮಿಯ ಮುಖ್ಯ ಕಟ್ಟಡದ ಹೆಸರು ಸುಡಾನ್ ಬ್ಲಾಕ್. ಗುಮ್ಮಟದ ಆ ಕಟ್ಟಡದ ಚಿತ್ರ ನೋಡದವರಿಲ್ಲ. ಎರಡನೆಯ ಮಹಾಯುದ್ಧದಲ್ಲಿ ಸುಡಾನಿನ ರಕ್ಷಣೆಗಾಗಿ ಹೋರಾಡಿದ ಭಾರತೀಯ ಸೈನಿಕರ ನೆನಪಿಗೆಂದು ಅಲ್ಲಿನ ಸರ್ಕಾರ ಒಂದು ಲಕ್ಷ ಪೌಂಡ್ ಕೊಟ್ಟಿತ್ತು. ವಿಭಜನೆಯಲ್ಲಿ ಆ ಹಣವೂ ಪಾಲಾಗಿ ಭಾರತಕ್ಕೆ 70,000 ಪೌಂಡ್ ಬಂತು. ಮೂರೂ ಸೇನೆಗಳ ಹುಡುಗರು ಒಟ್ಟಿಗೆ ಕಲಿಯುವ ಶಾಲೆ ಅದರ ನೆರವಿನಿಂದ ಎದ್ದಿತು. ಅದೇ ಸುಡಾನ್ 1956ರಲ್ಲಿ ಸ್ವತಂತ್ರವಾಗಿ ಮೂರು ವರ್ಷ ತುಂಬುವ ಮುನ್ನ, 1958ರ ನವೆಂಬರಿನಲ್ಲಿ, ಸೇನೆಯ ವಶವಾಯಿತು. ಮುಂದೆ 1969, 1989, 2021. ಈಗ 2023ರ ಏಪ್ರಿಲ್‌ನಿಂದ ಸೇನೆಯೂ ಅದೇ ಪ್ರಭುತ್ವ ಸಾಕಿದ ಅರೆಸೇನೆಯೂ ಪರಸ್ಪರ ಕಾದಾಡುತ್ತ ರಾಜಧಾನಿ ಖಾರ್ಟೂಮನ್ನು ಹಾಳುಗೆಡವಿವೆ. ಅಕಾಡೆಮಿಯ ರಸ್ತೆಯಲ್ಲಿ ಹೋಗುವಾಗೆಲ್ಲ ನನಗೆ ಇದು ನೆನಪಾಗುತ್ತದೆ, ನೋವಾಗುತ್ತದೆ.

ನಮ್ಮಲ್ಲಿ ಹೀಗಾಗಲಿಲ್ಲವೆಂದರೆ ಅದು ಅದೃಷ್ಟವಲ್ಲ, ಕಾಳಜಿಯಿಂದ ಕಟ್ಟಿದ್ದು. ಸಂವಿಧಾನ 1950ರಲ್ಲಿ ಜಾರಿಯಾಯಿತು, 1951-52ರಲ್ಲಿ ಚುನಾವಣೆಯೂ ನಡೆಯಿತು. ಬ್ರಿಟಿಷ್ ದಂಡನಾಯಕನ ಬಂಗಲೆಯಾಗಿದ್ದ ತೀನ್ ಮೂರ್ತಿ ಭವನ ಪ್ರಧಾನಿಯ ನಿವಾಸವಾಯಿತು. 1955ರಲ್ಲಿ ಮಹಾದಂಡನಾಯಕ ಎಂಬ ಹುದ್ದೆಯನ್ನೇ ತೆಗೆದು, ಮೂರು ಪಡೆಗಳಿಗೂ ಸಮಾನ ದರ್ಜೆಯ ಪ್ರತ್ಯೇಕ ಮುಖ್ಯಸ್ಥರನ್ನು ಇಟ್ಟರು. 1959ರಲ್ಲಿ ಕೊಡಗಿನವರೇ ಆದ ಭೂಸೇನಾ ಮುಖ್ಯಸ್ಥ ಜನರಲ್ ತಿಮ್ಮಯ್ಯ, ರಕ್ಷಣಾ ಸಚಿವ ಕೃಷ್ಣ ಮೆನನ್ ಅವರ ನಡೆಗೆ ರೋಸಿ ರಾಜೀನಾಮೆ ಬರೆದರು. ದೇಶವೇ ಪ್ರೀತಿಸುತ್ತಿದ್ದ ದಂಡನಾಯಕ. ಪಕ್ಕದ ಎರಡು ದೇಶಗಳಲ್ಲಿ ಆಗಷ್ಟೇ ಜನರಲ್‌ಗಳು ಗದ್ದುಗೆ ಏರಿದ್ದರು. ತಿಮ್ಮಯ್ಯನವರಿಗಿದ್ದ ಅಸ್ತ್ರ ಒಂದು ಕಾಗದ ಮಾತ್ರ. ನೆಹರೂ ಕೇಳಿಕೊಂಡಾಗ ಅದನ್ನೂ ಹಿಂದಕ್ಕೆ ಪಡೆದರು. ಚುನಾಯಿತ ಸರ್ಕಾರವೇ ಮೇಲು ಎಂದು ನೆಹರೂ ಸಂಸತ್ತಿನಲ್ಲಿ ಹೇಳಿ, ಜನರಲ್ ಅವರಿಗೆ ಮುಜುಗರವಾಗುವಂತೆ ಮಾಡಿದರು. ಅದು ನ್ಯಾಯವಾಗಿರಲಿಲ್ಲ ಎಂದು ಈಗಲೂ ನನಗನ್ನಿಸುತ್ತದೆ. ತಿಮ್ಮಯ್ಯ ಆ ಅವಮಾನ ನುಂಗಿ 1961ರವರೆಗೆ ಕೆಲಸ ಮಾಡಿದರು. ಇಂಥವರ ನಾಡಿನಲ್ಲಿ ಹುಟ್ಟಿದ ನಾವು ಮಿಲಿಟರಿ ಬರಬೇಕು ಎನ್ನುವಾಗ ಯಾರ ತ್ಯಾಗವನ್ನು ಹಗುರ ಮಾಡುತ್ತಿದ್ದೇವೆ ಎಂದು ಯೋಚಿಸಬೇಡವೇ?

ಒಪ್ಪಿಕೊಳ್ಳಲೇಬೇಕಾದ ಕೆಲವು ಮಾತುಗಳಿವೆ. ಊರಿನ ಹಿರಿಯರು ಹೇಳುವಂಥದನ್ನೇ ಸ್ವತಃ ಕಾರ್ಯಪ್ಪನವರೂ ನಿವೃತ್ತಿಯ ನಂತರ ರಾಜಕೀಯದಿಂದ ಬೇಸತ್ತು ಆಡಿದ್ದುಂಟು. ಆದರೆ ಆ ಬೇಸರ ಹೊತ್ತು ಅವರು ಹೋದದ್ದು ಮತದಾರರ ಬಳಿಗೆ: 1971ರಲ್ಲಿ ಮುಂಬೈಯಿಂದ ಲೋಕಸಭೆಗೆ ನಿಂತು, ಸೋತು, ಮಡಿಕೇರಿಗೆ ಮರಳಿದರು. ಇನ್ನು, ಸೇನೆ ರಾಜಕೀಯದಿಂದ ದೂರ ಎಂಬ ನನ್ನ ಹೆಮ್ಮೆ ಪುಣೆಯಲ್ಲಿ ಕುಳಿತವನ ಹೆಮ್ಮೆ. 1958ರ ಸಶಸ್ತ್ರ ಪಡೆಗಳ ವಿಶೇಷಾಧಿಕಾರ ಕಾಯ್ದೆಯಡಿ ಬದುಕಿದ ಮಣಿಪುರದವರು ಇದನ್ನು ಓದಿದರೆ ಒಪ್ಪಲಾರರು. ರಾಜಕಾರಣಿಗಳು ಬಿಡಿಸಲಾರದ ಗಂಟನ್ನು ಸೈನ್ಯಕ್ಕೆ ಕೊಟ್ಟರೆ ಏನಾಗುತ್ತದೆ ಎಂಬುದಕ್ಕೆ ಇದೇ ನಗರ ಸಾಕ್ಷಿ: 1984ರ ಅಮೃತಸರದ ಸ್ವರ್ಣಮಂದಿರದ ಕಾರ್ಯಾಚರಣೆಯ ಕಾಲದಲ್ಲಿ ಸೇನಾ ಮುಖ್ಯಸ್ಥರಾಗಿದ್ದ ಜನರಲ್ ವೈದ್ಯ ಅವರನ್ನು, ನಿವೃತ್ತರಾಗಿ ಇಲ್ಲಿ ನೆಲೆಸಿದ್ದಾಗ, ಅದರ ಸೇಡಿಗೆ 1986ರ ಆಗಸ್ಟ್ 10ರಂದು ಹಾಡಹಗಲೇ ಕೊಂದರು.

ಪುಣೆಯೂ ಎಲ್ಲದರಲ್ಲೂ ಮಾದರಿಯಲ್ಲ. ಮಹಾನಗರ ಪಾಲಿಕೆಯ ಅವಧಿ 2022ರಲ್ಲಿ ಮುಗಿದ ಮೇಲೆ ವರ್ಷಗಟ್ಟಲೆ ಇಲ್ಲಿ ಆಡಳಿತಾಧಿಕಾರಿಯೇ ನಗರ ನಡೆಸಿದರು. ಗಣೇಶೋತ್ಸವದ ಚಪ್ಪರಕ್ಕಾಗಿ ಬೀದಿಗಿಳಿಯುವ ಜನ ಇದಕ್ಕಾಗಿ ಇಳಿಯಲಿಲ್ಲ. ಕರ್ನಾಟಕದ್ದು ಅದಕ್ಕಿಂತ ಕಡೆ. ಜಿಲ್ಲಾ ಮತ್ತು ತಾಲ್ಲೂಕು ಪಂಚಾಯಿತಿಗಳ ಅವಧಿ 2021ರಲ್ಲಿ ಮುಗಿಯಿತು. ಸರ್ಕಾರ ಬದಲಾದರೂ ವರ್ಷಗಳ ಕಾಲ ಚುನಾವಣೆ ಬರಲಿಲ್ಲ. ಶಾಲೆಯ ಸೋರುವ ಕೋಣೆಯ ದೂರು ಹೊತ್ತು ಹೋಗಲು ನಮ್ಮ ಕ್ಷೇತ್ರಕ್ಕೆ ಒಬ್ಬ ಸದಸ್ಯನೂ ಇಲ್ಲದೆ ಅಷ್ಟು ಕಾಲ ಕಳೆದರೂ, ಅದಕ್ಕಾಗಿ ಒಬ್ಬರೂ ಒಂದು ಅರ್ಜಿ ಬರೆಯಲಿಲ್ಲ.