ವೋಯಿಯಲ್ಲಿ ಗಾಡಿ ನಿಲ್ಲಬೇಕು

ಮೊನ್ನೆ ಗೆಳೆಯರೊಬ್ಬರು ಕೀನ್ಯಾದ ಹೊಸ ರೈಲಿನ ಫೋಟೋ ಹಾಕಿದ್ದರು. ಎತ್ತರದ ಕಂಬಗಳ ಮೇಲೆ ಹಳಿ, ಕೆಳಗೆ ಕೆಮ್ಮಣ್ಣು ಮೆತ್ತಿಕೊಂಡ ಆನೆಗಳು. "ಆಫ್ರಿಕಾ ಎಲ್ಲಿಗೆ ಹೋಯ್ತು, ನಾವಿನ್ನೂ ಇಲ್ಲೇ ಇದ್ದೀವಿ" ಅಂತ ಜೊತೆಗೊಂದು ಸಾಲು. ಫೋಟೋ ಚೆನ್ನಾಗಿತ್ತು, ಲೈಕ್ ಒತ್ತಿದೆ. ಆದರೆ ಆ ಹಳಿಯ ಪಕ್ಕದಲ್ಲೇ ಇರುವ ಒಂದು ಊರಿನ ವಿಷಯ ಹೇಳದೆ ಸುಮ್ನೆ ಇರಲು ಆಗಲಿಲ್ಲ.

ಊರಿನ ಹೆಸರು ವೋಯಿ. ಮೊಂಬಾಸಾ ಬಂದರಿನಿಂದ ನೈರೋಬಿ ಕಡೆಗೆ ಹೊರಟರೆ ಸುಮಾರು 150 ಕಿಲೋಮೀಟರ್. ಒಂದು ಕಡೆ ತ್ಸಾವೋ ಕಾಡು, ಇನ್ನೊಂದು ಕಡೆ ಟೈಟಾ ಬೆಟ್ಟಗಳು, ನಡುವೆ ಕತ್ತಾಳೆ ತೋಟಗಳು. ಪಂಪ್‌ಸೆಟ್ ಕೆಲಸದ ಮೇಲೆ ನಾನು ಎರಡು ವರ್ಷ ಮೊಂಬಾಸಾದಲ್ಲಿದ್ದೆ. ತಿಂಗಳಿಗೊಮ್ಮೆಯಾದರೂ ವೋಯಿಗೆ ಹೋಗಬೇಕಾಗುತ್ತಿತ್ತು. ಹೋದಾಗಲೆಲ್ಲ ಒಂದೆರಡು ಹೊಸ ಕಟ್ಟಡ ಎದ್ದಿರುತ್ತಿದ್ದವು. ಖಾಲಿ ಸೈಟಿನ ಗೋಡೆ ಮೇಲೆ "ಈ ಜಾಗ ಮಾರಾಟಕ್ಕಿಲ್ಲ" ಅಂತ ದಪ್ಪ ಅಕ್ಷರದಲ್ಲಿ ಬರೆದಿರುತ್ತಿದ್ದರು. ಮಾಲೀಕನಿಗೇ ಗೊತ್ತಿಲ್ಲದಂತೆ ಮಾರಿಬಿಡುವವರು ಇರುತ್ತಾರಲ್ಲ, ಅದಕ್ಕೆ. ಸಂತೆ ನೆರೆಯುವ ಮೊದಲೇ ಗಂಟುಕಳ್ಳರು ನೆರೆದರು ಅನ್ನೋದು ಅಲ್ಲಿಯವರ ಸ್ವಾಹಿಲಿ ಭಾಷೆಗೂ ಸಲ್ಲುವ ಮಾತು.

ಈ ಊರು ಹುಟ್ಟಿದ್ದೇ ರೈಲು ಅಲ್ಲಿ ನಿಂತಿದ್ದರಿಂದ. ಬ್ರಿಟಿಷರು 1896ರಲ್ಲಿ ಮೊಂಬಾಸಾದಿಂದ ಹಳಿ ಹಾಕಲು ಶುರು ಮಾಡಿದರು. ಕೂಲಿಗೆ ಹಿಂದೂಸ್ತಾನದಿಂದ ಸುಮಾರು 32 ಸಾವಿರ ಜನರನ್ನು ಹಡಗು ಹತ್ತಿಸಿದರು. ಅವರಲ್ಲಿ ಪಂಜಾಬಿನವರೇ ಜಾಸ್ತಿ. ಎರಡೂವರೆ ಸಾವಿರದಷ್ಟು ಜನ ಊರಿಗೆ ವಾಪಸ್ ಬರಲೇ ಇಲ್ಲ, ಅಲ್ಲೇ ಸತ್ತರು. 1898ರಲ್ಲಿ ತ್ಸಾವೋ ಸೇತುವೆ ಹತ್ತಿರ ಎರಡು ಸಿಂಹಗಳು ಕೂಲಿಗಳನ್ನು ಡೇರೆಯಿಂದ ಎಳೆದುಕೊಂಡು ಹೋದ ಕಥೆ ನೀವು ಕೇಳಿರುತ್ತೀರಿ. ನನಗೆ ಅದಕ್ಕಿಂತ ಇಷ್ಟವಾದದ್ದು ಊಟದ ಕಥೆ. ಆಗಿನ ರೈಲಿನಲ್ಲಿ ಊಟದ ಬೋಗಿ ಇರಲಿಲ್ಲ. ವೋಯಿಯಲ್ಲಿ ಗಾಡಿ ನಿಲ್ಲಿಸುತ್ತಿದ್ದರು. ಪ್ರಯಾಣಿಕರು ಇಳಿದು, ಸ್ಟೇಷನ್ನಿನ ಡಾಕ್ ಬಂಗಲೆಯಲ್ಲಿ ಊಟ ಮಾಡಿ ಮತ್ತೆ ಹತ್ತುತ್ತಿದ್ದರು. ಅಷ್ಟು ಹೊತ್ತು ಗಾಡಿ ನಿಂತರೆ ಏನಾಗುತ್ತದೆ? ಒಬ್ಬ ಅಂಗಡಿ ಇಡುತ್ತಾನೆ, ಇನ್ನೊಬ್ಬ ಹಣ್ಣು ತರುತ್ತಾನೆ, ಮತ್ತೊಬ್ಬ ಗುಡಿಸಲು ಹಾಕುತ್ತಾನೆ.

ಆಮೇಲೆ ಮೊದಲ ಮಹಾಯುದ್ಧ. ಪಕ್ಕದ ಈಗಿನ ಟಾಂಜಾನಿಯಾ ಆಗ ಜರ್ಮನ್ನರ ಕೈಲಿತ್ತು. ಅವರ ಮೇಲೆ ಏರಿ ಹೋಗಲು 1915ರಲ್ಲಿ ವೋಯಿಯಿಂದ ಗಡಿಯ ಊರು ಟವೇಟಾ ಕಡೆಗೆ ಇನ್ನೊಂದು ಹಳಿ ಹಾಕಿದರು. ಊರು ಜಂಕ್ಷನ್ ಆಯಿತು. (ಅದಕ್ಕೆ ಹಿಂದಿನ ವರ್ಷ ಟಾಂಗಾ ಬಂದರಿನಲ್ಲಿ ಇದೇ ಜರ್ಮನ್ನರ ಕೈಲಿ ಚೆನ್ನಾಗಿ ಪೆಟ್ಟು ತಿಂದ ದಂಡಿನಲ್ಲಿ ಒಂದು 'ಬೆಂಗಳೂರು ಬ್ರಿಗೇಡ್' ಇತ್ತು. ನಮ್ಮೂರಿನ ಹೆಸರು ಎಲ್ಲೆಲ್ಲಿ ಹೋಗಿ ಒದೆ ತಿಂದಿದೆ ನೋಡಿ.) ಹಿಂದೂಸ್ತಾನದವರು ಹೋಗಿದ್ದ ಆ ಕಾಲದ ಗುರುತು ಸ್ವಾಹಿಲಿ ಮಾತಿನಲ್ಲೂ ಉಳಿದಿದೆ. ಅಂಗಡಿಗೆ ದುಕಾ, ಗಾಡಿಗೆ ಗಾರಿ. ರೈಲಿಗೆ 'ಗಾರಿ ಲಾ ಮೋಶಿ', ಅಂದರೆ ಹೊಗೆ ಗಾಡಿ. ನನ್ನ ಅಜ್ಜಿ ಕೂಡ ಹೊಗೆಬಂಡಿ ಅಂತಲೇ ಅನ್ನುತ್ತಿದ್ದಳು.

ಈಗಿನ ವೋಯಿ ನೋಡಬೇಕಾದರೆ ಬೆಳಿಗ್ಗೆ ಸ್ಟೇಜಿನಲ್ಲಿ ನಿಲ್ಲಬೇಕು. ಮಟಾಟು ವ್ಯಾನುಗಳು ನಿಲ್ಲುವ ಜಾಗಕ್ಕೆ ಅಲ್ಲಿ ಸ್ಟೇಜ್ ಅಂತಾರೆ. ಬೆಟ್ಟದ ಮೇಲಿನ ವುಂಡಾನ್ಯಿಯಿಂದ ಪ್ರೊಬಾಕ್ಸ್ ಕಾರುಗಳು ಇಳಿದು ಬರುತ್ತವೆ. ಐದು ಜನಕ್ಕೆ ಅಂತ ಟೊಯೋಟಾದವರು ಮಾಡಿದ ಗಾಡಿ. ಒಂದು ಸಲ ನಾನೇ ಎಣಿಸಿದೆ, ಒಂಬತ್ತು ಜನ. ಡ್ರೈವರ್ ಸೀಟಿನಲ್ಲಿ ಡ್ರೈವರ್ ಜೊತೆ ಇನ್ನೊಬ್ಬ ಕೂತಿದ್ದ, ಗೇರ್ ಹಾಕುವಾಗಲೆಲ್ಲ ಅವನು ಕಾಲು ಎತ್ತಬೇಕಿತ್ತು. ಮೇಲೆ ಟೊಮೇಟೊ ಪೆಟ್ಟಿಗೆ, ಹಿಂದೆ ಕೋಸು, ಸುಕುಮಾ ಸೊಪ್ಪಿನ ಮೂಟೆ. ಇಳಿದ ತಕ್ಷಣ ಬೋಡಾಬೋಡಾ, ಅಂದರೆ ಬಾಡಿಗೆ ಬೈಕಿನ ಹುಡುಗರು ಮುತ್ತಿಕೊಳ್ಳುತ್ತಾರೆ. ಬೈಕುಗಳೆಲ್ಲ ನಮ್ಮ ಬಜಾಜ್, ಟಿವಿಎಸ್. ಅಷ್ಟರಲ್ಲಿ ಮೊಂಬಾಸಾ ಬಸ್ ಬರುತ್ತದೆ. ನಿಲ್ಲೋದು ಆರೇಳು ನಿಮಿಷ. ಅಷ್ಟರೊಳಗೆ ಪೆಟ್ಟಿಗೆಗಳು ಬಸ್ಸಿನ ಹೊಟ್ಟೆ ಸೇರಬೇಕು. ಕಿಟಕಿ ಕೆಳಗೆ ಹುಡುಗರು ಬೇಯಿಸಿದ ಮೊಟ್ಟೆ ಸೀಳಿ, ಕಚುಂಬರಿ ತುಂಬಿ ಮಾರುತ್ತಾರೆ. ದುಡ್ಡೆಲ್ಲ ಎಂ-ಪೆಸಾದಲ್ಲಿ. ನಮ್ಮಲ್ಲಿ ಯುಪಿಐ ಬರುವ ಎಷ್ಟೋ ಮೊದಲು, 2007ರಿಂದಲೇ, ಅಲ್ಲಿ ಫೋನಿನಲ್ಲಿ ದುಡ್ಡು ಓಡಾಡುತ್ತಿದೆ.

ಇನ್ನು ಫೋಟೋದ ಆ ರೈಲು. 31 ಮೇ 2017ರಂದು ಉದ್ಘಾಟನೆಯಾಯಿತು. ಚೀನಾದ ಸಾಲ, ಮೊಂಬಾಸಾದಿಂದ ನೈರೋಬಿಗೆ 472 ಕಿಲೋಮೀಟರ್. ಹಳೇ ರೈಲು ಇಡೀ ರಾತ್ರಿ ತಿನ್ನುತ್ತಿದ್ದ ದಾರಿಯನ್ನು ಇದು ಐದು ತಾಸಿಗೆ ಮುಗಿಸುತ್ತದೆ. ನಾನೂ ನಾಲ್ಕೈದು ಸಲ ಹೋಗಿದ್ದೇನೆ, ಆರಾಮಾಗಿತ್ತು. ಎಲ್ಲ ಸ್ಟೇಷನ್ನಿನಲ್ಲಿ ನಿಲ್ಲುವ ಒಂದು ಗಾಡಿಯೂ ಇದೆ, ಅದು ವೋಯಿಯಲ್ಲಿ ನಿಲ್ಲುತ್ತದೆ. ಆದರೆ ಮೊಂಬಾಸಾದಲ್ಲಿ ಆ ರೈಲು ಹತ್ತುವ ಮೊದಲು ಚೀಲಗಳನ್ನು ನೆಲದ ಮೇಲೆ ಸಾಲಾಗಿ ಇಡಬೇಕು, ನಾಯಿ ಬಂದು ಮೂಸಬೇಕು, ಆಮೇಲೆ ಸ್ಕ್ಯಾನರ್. ಟೊಮೇಟೊ ಮಾರುವವಳು ಎಂಟು ಪೆಟ್ಟಿಗೆ ಹೊತ್ತುಕೊಂಡು ಇಂಥ ರೈಲು ಹತ್ತುತ್ತಾಳಾ?

ವೋಯಿಗೆ ಪೆಟ್ಟು ಬಿದ್ದದ್ದು ಸರಕಿನ ಕಡೆಯಿಂದ. ರೈಲಿನ ಸಾಲ ತೀರಬೇಕು, ಅದಕ್ಕೆ ಬಂದರಿನ ಕಂಟೇನರುಗಳು ರೈಲಿನಲ್ಲೇ ಹೋಗಬೇಕು ಅಂತ ಸರ್ಕಾರ ಪಟ್ಟು ಹಿಡಿಯಿತು. 2019ರಲ್ಲಿ ಹಾಗೆ ಆದೇಶವೇ ಬಂತು, ಮೊಂಬಾಸಾದಲ್ಲಿ ಜನ ಬೀದಿಗಿಳಿದರು. ಕೊನೆಗೆ 2022ರಲ್ಲಿ ರುಟೋ ಅಧ್ಯಕ್ಷರಾದ ತಕ್ಷಣ, ನೈರೋಬಿ ಕಡೆಗೆ ಹೋಗಿದ್ದ ಸರಕು ಬಿಡಿಸುವ ಕೆಲಸವನ್ನು ಮೊಂಬಾಸಾಗೆ ವಾಪಸ್ ತಂದರು. ಈ ಜಗ್ಗಾಟದ ನಡುವೆ ಸಿಕ್ಕಿಬಿದ್ದವರು ಹೈವೇ ಬದಿಯವರು. ಲಾರಿ ನಿಂತರೆ ತಾನೇ ಚಾ, ಚಪಾತಿ, ಪಂಕ್ಚರ್, ಲಾಡ್ಜು? ಕಂಟೇನರ್ ರೈಲಿಗೆ ಹಸಿವಾಗುವುದಿಲ್ಲ.

ಹಾಗಂತ ಲಾರಿಗಳೇ ಇರಲಿ ಅಂತ ನಾನು ಹೇಳುತ್ತಿಲ್ಲ. ಆ ಎರಡು ಲೇನಿನ ರಸ್ತೆಯಲ್ಲಿ ರಾತ್ರಿ ಹೋಗಿದ್ದೇನೆ, ಎದುರಿನ ಲೈಟು ನೋಡಿ ಮನೆದೇವರು ನೆನಪಾಗಿದ್ದಾರೆ. ನನ್ನ ತಕರಾರು ಬೇರೆ. ಆ ನಿಲ್ಲುವ ಗಾಡಿಗೆ ಒಂದು ಸಾಮಾನಿನ ಬೋಗಿ ಸೇರಿಸಿ, ವೋಯಿಯಲ್ಲಿ ಹತ್ತು ನಿಮಿಷ ಜಾಸ್ತಿ ನಿಲ್ಲಿಸಿದರೆ ಯಾರ ಗಂಟು ಹೋಗುತ್ತದೆ?

ನೀರಿನದ್ದೂ ಇದೇ ಕಥೆ. ಪಂಪಿನವನಾದ್ದರಿಂದ ಇದು ನನಗೆ ಚೆನ್ನಾಗಿ ಗೊತ್ತು. ಇದೇ ಜಿಲ್ಲೆಯ ಮ್ಜಿಮಾ ಚಿಲುಮೆಯ ನೀರು ದೊಡ್ಡ ಪೈಪಿನಲ್ಲಿ ಮೊಂಬಾಸಾಗೆ ಹೋಗುತ್ತದೆ. ದಾರಿಯಲ್ಲಿ ವೋಯಿಗೂ ಒಂದಿಷ್ಟು ಸಿಗುತ್ತದೆ, ಸಾಲುವುದಿಲ್ಲ. ನಾನು ಉಳಿದುಕೊಳ್ಳುತ್ತಿದ್ದ ಲಾಡ್ಜಿನಲ್ಲಿ ಹಳದಿ ಕ್ಯಾನಿನಲ್ಲಿ ನೀರು ತಂದಿಡುತ್ತಿದ್ದರು.

ಸದ್ದಿಲ್ಲದೆ ಕೆಲಸ ಮಾಡಿದ್ದು ಟವೇಟಾ ರಸ್ತೆ. ಮ್ವಟಾಟೆಯಿಂದ ಆಚೆ ಮೊದಲು ಬರೀ ಧೂಳು. ಆಫ್ರಿಕನ್ ಡೆವಲಪ್‌ಮೆಂಟ್ ಬ್ಯಾಂಕಿನ ಸಾಲದಲ್ಲಿ ಕಳೆದ ದಶಕದಲ್ಲಿ ಟಾರು ಬಿತ್ತು. ಗಡಿಯಲ್ಲಿ ಈಗ ಕೀನ್ಯಾ, ಟಾಂಜಾನಿಯಾ ಎರಡೂ ದೇಶದ ಅಧಿಕಾರಿಗಳು ಒಂದೇ ಕಟ್ಟಡದಲ್ಲಿ ಕೂರುತ್ತಾರೆ, ಎರಡೆರಡು ಸಲ ಕ್ಯೂ ನಿಲ್ಲಬೇಕಿಲ್ಲ. ಟವೇಟಾದಲ್ಲಿ ಬುಧವಾರ, ಶನಿವಾರ ಸಂತೆ. ಅಲ್ಲಿಯ ಬಾಳೆಗೊನೆ ತುಂಬಿದ ಗಾಡಿಗಳು ವೋಯಿ ಮೇಲೆಯೇ ಮೊಂಬಾಸಾಗೆ ಹೋಗುತ್ತವೆ. ದಾರಿಯಲ್ಲಿ ನಿಲ್ಲುತ್ತವೆ. ಈ ರಸ್ತೆಯ ಫೋಟೋ ಮಾತ್ರ ಯಾರೂ ಹಾಕುವುದಿಲ್ಲ.

ಕೊನೇ ಸಲ ಹೋದಾಗ ಸ್ಟೇಜಿನಲ್ಲಿ ಪೆಟ್ಟಿಗೆ ಮೇಲೆ ಕೂತಿದ್ದ ಒಬ್ಬ ತರಕಾರಿ ಅಮ್ಮನನ್ನು ಕೇಳಿದೆ, ಹೊಸ ರೈಲು ಹತ್ತಿದ್ದೀರಾ ಅಂತ. ಹತ್ತಿದ್ದಳಂತೆ, ಮಗಳನ್ನು ಕಾಲೇಜಿಗೆ ಸೇರಿಸಲು ನೈರೋಬಿಗೆ ಹೋದಾಗ. "ಚೆನ್ನಾಗಿದೆ, ಒಳಗೆ ತಣ್ಣಗಿರುತ್ತೆ" ಅಂದಳು. ಮತ್ತೆ ಟೊಮೇಟೊ, ಅಂತ ಕೇಳಿದೆ. ಜೋರಾಗಿ ನಕ್ಕಳು. ಅಷ್ಟರಲ್ಲಿ ಮೊಂಬಾಸಾ ಬಸ್ಸಿನ ಹಾರನ್ ಕೇಳಿಸಿತು. ಒಂದು ಪೆಟ್ಟಿಗೆಯ ತುದಿ ಹಿಡಿಯಲು ನನಗೇ ಕೈ ಸನ್ನೆ ಮಾಡಿದಳು.