ಸ್ಪಷ್ಟನೆ: ‘ಪ್ರೆಸೆಂಟ್ ಲಾಫ್ಟರ್’ ಯುದ್ಧಕಾಲದಲ್ಲಿ ಬರೆದದ್ದಲ್ಲ

ಇಂಗ್ಲಿಷ್ ನಾಟಕಕಾರ ನೋಯೆಲ್ ಕವರ್ಡ್ ಅವರ ‘ಪ್ರೆಸೆಂಟ್ ಲಾಫ್ಟರ್’ ಎರಡನೇ ಮಹಾಯುದ್ಧದಿಂದ ಬೇಸತ್ತ ಜನರನ್ನು ನಗಿಸಲೆಂದೇ 1942ರಲ್ಲಿ ಬರೆದ ನಾಟಕ, ಶೀರ್ಷಿಕೆಯ ಅರ್ಥ ‘ನಗೆಯ ಕಾಣಿಕೆ’ ಎಂಬ ಮಾತು ಹರಿದಾಡುತ್ತಿದೆ. ಎರಡೂ ತಪ್ಪು.

ನಾಟಕ ಬರೆದದ್ದು 1939ರಲ್ಲಿ. ತಾಲೀಮು ನಡೆಯುತ್ತಿದ್ದಾಗ ಯುದ್ಧ ಶುರುವಾಗಿ ಪ್ರದರ್ಶನ ನಿಂತಿತು. ರಂಗಕ್ಕೆ ಬಂದದ್ದು ಮಾತ್ರ 1942ರಲ್ಲಿ. ಗೊಂದಲಕ್ಕೆ ಕಾರಣ ಇದೇ. ಶೀರ್ಷಿಕೆ ಶೇಕ್ಸ್‌ಪಿಯರ್‌ನ ‘ಟ್ವೆಲ್ತ್ ನೈಟ್’ನ ಹಾಡಿನದು. ಅಲ್ಲಿ ‘ಪ್ರೆಸೆಂಟ್’ ಎಂದರೆ ಕಾಣಿಕೆಯಲ್ಲ, ‘ಈ ಕ್ಷಣದ’.

‘ಕಥೆಯೇ ಇಲ್ಲ, ಬರೀ ಗಲಾಟೆ’ ಎಂಬ ಮಾತಂತೂ ಅನ್ಯಾಯ. ಇಲ್ಲಿ ಹೆಣಿಗೆ ತುಂಬಾ ಬಿಗಿ. ಮೊದಲ ಅಂಕದಲ್ಲಿ ಅಭಿಮಾನಿ ಯುವತಿ ಡ್ಯಾಫ್ನಿ, ತನ್ನ ಮನೆಯ ಬೀಗದ ಕೈ ಕಳೆದುಹೋಯಿತೆಂಬ ನೆಪದಲ್ಲಿ ನಾಟಕದ ನಾಯಕ, ನಟ ಗ್ಯಾರಿಯ ಮನೆಯಲ್ಲಿ ರಾತ್ರಿ ಉಳಿದು, ಬೆಳಗ್ಗೆ ಅವನ ಪೈಜಾಮ, ಡ್ರೆಸ್ಸಿಂಗ್ ಗೌನ್ ತೊಟ್ಟು ಅತಿಥಿ ಕೋಣೆಯಿಂದ ಬರುತ್ತಾಳೆ. ಮುಂದೆ ಗ್ಯಾರಿಯ ಗೆಳೆಯನ ಹೆಂಡತಿ ಜೋವಾನಾಳದ್ದೂ ಅದೇ ನೆಪ, ಅದೇ ಬಾಗಿಲು, ಅದೇ ಬಗೆಯ ಉಡುಪು. ಆಡಿಸುವವರು ಈ ಮೂರರಲ್ಲಿ ಒಂದನ್ನು ಬದಲಿಸಿದರೂ ಪ್ರೇಕ್ಷಕರಿಗೆ ಹಿಂದಿನ ದೃಶ್ಯ ನೆನಪಾಗದು, ನಗೆ ಸತ್ತುಹೋಗುತ್ತದೆ.