ಕ್ಯಾಮೆರಾ ಹೊತ್ತವನೂ ಚಿತ್ರದೊಳಗೆ

ಸಾಕ್ಷ್ಯಚಿತ್ರ ತೆಗೆಯುವವನು ತಾನೇ ಅದರೊಳಗೆ ಕಾಣಿಸಿಕೊಂಡರೆ ಅದನ್ನು ಆತ್ಮರತಿ ಎಂದು ತಳ್ಳಿಹಾಕುವುದು ಸುಲಭ. ನಾನೂ ಬಹುಕಾಲ ಹಾಗೆಯೇ ತಿಳಿದಿದ್ದೆ. ಅಮೆರಿಕದ ಸ್ವತಂತ್ರ ನಿರ್ದೇಶಕ ರಾಸ್ ಮೆಕೆಲ್ವಿಯ ‘ಶೆರ್ಮನ್ಸ್ ಮಾರ್ಚ್’ (1986) ನೋಡಿದ ಮೇಲೆ ಆ ಮಾತನ್ನು ಅಷ್ಟು ಧೈರ್ಯವಾಗಿ ಆಡಲಾರೆ.

ಅಮೆರಿಕದ ಅಂತರ್ಯುದ್ಧದ ಹೊತ್ತಿನಲ್ಲಿ, 1864ರಲ್ಲಿ, ಅಟ್ಲಾಂಟಾದಿಂದ ಸವಾನಾವರೆಗೆ ದಕ್ಷಿಣ ಸೀಮೆಯನ್ನು ಧ್ವಂಸಮಾಡುತ್ತ ಸಾಗಿದ ಉತ್ತರದ ಸೇನೆಯ ಜನರಲ್ ಶೆರ್ಮನ್‌ನ ದಂಡಯಾತ್ರೆ ಅಲ್ಲಿನವರಲ್ಲಿ ಏನನ್ನು ಉಳಿಸಿಹೋಗಿದೆ ಎಂದು ಚಿತ್ರಿಸಲು ಮೆಕೆಲ್ವಿಗೆ ಧನಸಹಾಯ ಸಿಕ್ಕಿತ್ತು. ಹೊರಡುವ ಹೊತ್ತಿಗೆ ಗೆಳತಿ ಬಿಟ್ಟುಹೋದಳು. ಚಿತ್ರ ಆರಂಭವಾಗುವುದು ಭೂಪಟದಿಂದ, ಗಂಭೀರ ನಿರೂಪಣೆಯಿಂದ. ಸ್ವಲ್ಪ ಹೊತ್ತಿಗೆ ಆ ದನಿ ನಿಂತು, ಇನ್ನೊಮ್ಮೆ ಓದಲೇ ಎಂದು ನಿರ್ದೇಶಕನನ್ನೇ ಕೇಳುತ್ತದೆ. ಅಲ್ಲಿಂದ ಮುಂದೆ, ದಂಡು ನಡೆದ ದಾರಿಯಲ್ಲಿ ಒಬ್ಬಂಟಿ ಗಂಡಸು ಹೆಗಲ ಮೇಲೆ 16 ಎಂಎಂ ಕ್ಯಾಮೆರಾ ಹೊತ್ತು, ಧ್ವನಿಮುದ್ರಣವನ್ನೂ ತಾನೇ ಮಾಡಿಕೊಂಡು, ಹೆಣ್ಣು ಹುಡುಕುತ್ತ ಅಲೆಯುತ್ತಾನೆ. ಬಂಧುಗಳೂ ಗೆಳೆಯರೂ ಸಂಬಂಧ ಸೂಚಿಸುತ್ತಲೇ ಇರುತ್ತಾರೆ. ಉಪ್ಪಿಟ್ಟು, ಕೇಸರಿಬಾತ್ ಇಲ್ಲವೆನ್ನುವುದನ್ನು ಬಿಟ್ಟರೆ ನಮ್ಮ ಕಡೆಯ ಹೆಣ್ಣು ನೋಡುವ ಶಾಸ್ತ್ರಕ್ಕೂ ಅದಕ್ಕೂ ಹೆಚ್ಚು ವ್ಯತ್ಯಾಸ ಕಾಣದು.

ಒಂದು ರಾತ್ರಿ ವೇಷಭೂಷಣದ ಕೂಟದಿಂದ ಮರಳಿದ ಆತ, ಅಂತರ್ಯುದ್ಧದ ಸೇನಾಧಿಕಾರಿಯ ಉಡುಪಿನಲ್ಲೇ ಕ್ಯಾಮೆರಾದ ಮುಂದೆ ಕುಳಿತು, ಮಲಗಿರುವ ತಂದೆಗೆ ಎಚ್ಚರವಾಗಬಾರದೆಂದು ಪಿಸುದನಿಯಲ್ಲಿ ತನ್ನ ಅಳಲು ತೋಡಿಕೊಳ್ಳುತ್ತಾನೆ. ನಗು ಬರುತ್ತದೆ, ಮರುಕ್ಷಣ ನಕ್ಕದ್ದಕ್ಕೆ ಸಂಕೋಚವೂ ಆಗುತ್ತದೆ. ಇನ್ನೊಂದು ಕಡೆ ಬಹುಕಾಲದ ಸ್ನೇಹಿತೆ ಚಾರ್ಲೀನ್, ಇದು ಕಲೆಯಲ್ಲ, ಬದುಕು, ಕ್ಯಾಮೆರಾ ನಿಲ್ಲಿಸು ಎಂದು ಗದರುತ್ತಾಳೆ. ಆತ ನಿಲ್ಲಿಸುವುದಿಲ್ಲ, ಆದರೆ ಆ ಗದರಿಕೆಯನ್ನು ಕತ್ತರಿಸಿ ಎಸೆಯುವುದೂ ಇಲ್ಲ. ನನ್ನ ಮಟ್ಟಿಗೆ ನಿರ್ದೇಶಕ ಚಿತ್ರದೊಳಗೆ ಬರುವ ಹಕ್ಕು ಗಳಿಸುವುದು ಇಲ್ಲಿ: ತನ್ನನ್ನು ಸಣ್ಣವನನ್ನಾಗಿ ಮಾಡುವ ತುಣುಕನ್ನು ಉಳಿಸಿಕೊಂಡಾಗ. ನಮ್ಮ ಸಾಕ್ಷ್ಯಚಿತ್ರಕಾರ ಆನಂದ್ ಪಟವರ್ಧನರ ‘ಬಾಂಬೆ: ಅವರ್ ಸಿಟಿ’ಯಲ್ಲಿ (1985) ನೆಲೆ ಕಳೆದುಕೊಂಡ ಹೆಂಗಸೊಬ್ಬಳು ಚಿತ್ರ ತೆಗೆಯುವವರನ್ನೇ ತರಾಟೆಗೆ ತೆಗೆದುಕೊಳ್ಳುತ್ತಾಳೆ. ಪಟವರ್ಧನರು ಪರದೆಯ ಮೇಲೆ ಕಾಣಿಸುವುದಿಲ್ಲ, ಆದರೂ ಆ ನಿಮಿಷದಲ್ಲಿ ಅವರು ಚಿತ್ರದ ಒಳಗೇ ಇದ್ದಾರೆ.

ಆಕ್ಷೇಪವೂ ಇದೆ. ಸಂಕಲನದ ಮೇಜಿನ ಮುಂದೆ ಕೂರುವವನು ಮೆಕೆಲ್ವಿಯೇ ಹೊರತು ಆ ಹೆಂಗಸರಲ್ಲ. ತನ್ನ ಪೆದ್ದುತನ ಎಷ್ಟು ಮುದ್ದಾಗಿ ಕಾಣಬೇಕೆಂದು ತೀರ್ಮಾನಿಸುವವನೂ ಅವನೇ. ಈ ಅಸಮಾನತೆ ನನಗೆ ಹೆಚ್ಚು ಚುಚ್ಚಿದ್ದು ಅವನದೇ ಇನ್ನೊಂದು ಚಿತ್ರ ‘ಫೋಟೋಗ್ರಾಫಿಕ್ ಮೆಮರಿ’ಯಲ್ಲಿ (2011). ಚಿಕ್ಕಂದಿನಿಂದ ಅಪ್ಪನ ಕ್ಯಾಮೆರಾದ ಮುಂದೆಯೇ ಬೆಳೆದ ಮಗ ಅಲ್ಲಿ ಲ್ಯಾಪ್‌ಟಾಪ್‌ನಲ್ಲಿ ಮುಳುಗಿ ಕೈಗೆ ಸಿಗದವನಾಗಿದ್ದಾನೆ. ಹುಡುಗ ಪರದೆ ಬಿಟ್ಟು ತಲೆ ಎತ್ತುವುದಿಲ್ಲವೆಂದು ಅಪ್ಪ ಕೊರಗುತ್ತಾನೆ, ಆ ಕೊರಗನ್ನೂ ಕ್ಯಾಮೆರಾದ ಕಿಂಡಿಗೆ ಕಣ್ಣಿಟ್ಟುಕೊಂಡೇ.